ಮಾತಿಲ್ಲದ ಮೂರು ನಿಮಿಷ

ಹೋದ ವರ್ಷ ದೀಪಾವಳಿ ಮುಗಿದ ವಾರ. ನಾಸಿಕದ ಸಾತಪುರದಲ್ಲಿ ಲೇತ್ ಮಶೀನು ನಡೆಸುವ ನಾನು ಒಂದು ದಿನ ರಜೆ ಹಾಕಿ ಛತ್ರಪತಿ ಸಂಭಾಜಿನಗರಕ್ಕೆ ಹೋದೆ. ಅಲ್ಲಿ ಆ್ಯನಿಮೇಷನ್ ಕಲಿಯುತ್ತಿದ್ದ ಮಗಳು ಪೂರ್ವಿ ತಾನು ಮಾಡಿದ ಮೂರು ನಿಮಿಷದ ಚಿತ್ರ ನೋಡಲು ಕರೆದಿದ್ದಳು. "ಒಂದೂ ಮಾತಿಲ್ಲಂತ. ಮೂಕಿ ಸಿನಿಮಾ ಯಾಂವ ನೋಡ್ತಾನ?" ಎಂದು ಹೆಂಡತಿಯ ಮುಂದೆ ಗೊಣಗಿಯೇ ಬಸ್ಸು ಹತ್ತಿದ್ದೆ.

ನಮ್ಮದು ಬೀದರ ಜಿಲ್ಲೆಯ ಭಾಲ್ಕಿ ಕಡೆಯ ಹಳ್ಳಿ. ನಾಸಿಕದಲ್ಲೇ ಬೆಳೆದ ಪೂರ್ವಿಗೆ ಕನ್ನಡ ತಿಳಿಯುತ್ತದೆ, ಆಡಲು ನಾಲಿಗೆ ಹೊರಳದು. ಊರಿನಿಂದ ನನ್ನ ಅಪ್ಪ ಭಾನುವಾರಕ್ಕೊಮ್ಮೆ ವಿಡಿಯೊ ಕಾಲ್ ಮಾಡಿದರೆ "ಮುತ್ಯಾ, ಜೇವಲಾತ್ ಕಾ?" ಎಂದು ಮರಾಠಿಯಲ್ಲಿ ಊಟ ವಿಚಾರಿಸುವಳು. ನನಗೆ ಮೈಯೆಲ್ಲ ಉರಿ. ಅಪ್ಪನ ಪಕ್ಕದಲ್ಲಿ ಊರವರು ಕುಳಿತಿರುತ್ತಾರೆ, ಮಗಳಿಗೆ ತಾಯ್ನುಡಿ ಕಲಿಸಲಿಲ್ಲ ಎಂದಾರು! "ಮೊದಲ ಕನ್ನಡ ಕಲಿ, ಆಮ್ಯಾಲ ಮಾತಾಡು" ಎಂದು ಫೋನು ಕಸಿದುಕೊಳ್ಳುತ್ತಿದ್ದೆ. ಬರಬರುತ್ತ ಅವಳು ಮುತ್ಯಾನ ಮುಂದೆ ಬಾಯಿ ತೆರೆಯುವುದನ್ನೇ ಬಿಟ್ಟಳು. ಎರಡು ವರ್ಷದ ಹಿಂದೆ ಅಪ್ಪ ತೀರಿಕೊಂಡರು.

ಕಾಲೇಜಿನ ಹಾಲಿನಲ್ಲಿ ದೀಪ ಆರಿಸಿ ಚಿತ್ರ ಶುರು ಮಾಡಿದರು. ಫೋನಿನ ಈ ಕಡೆ ಒಬ್ಬ ಹುಡುಗಿ, ಆ ಕಡೆ ಹೊರಸಿನ ಮೇಲೆ ರುಮಾಲು ಸುತ್ತಿದ ಮುದುಕ. ಅವನು ಜೋಳದ ರೊಟ್ಟಿ ಎತ್ತಿ ತೋರಿಸಿ ನಗುತ್ತಾನೆ. ಹುಡುಗಿ ಬಾಯಿ ತೆರೆಯುವಷ್ಟರಲ್ಲಿ ಪಕ್ಕದಿಂದ ಒಂದು ಕೈ ಬಂದು ಫೋನು ಕಸಿಯುತ್ತದೆ. ಮತ್ತೆ ಭಾನುವಾರ, ಮತ್ತೆ ಅದೇ ಕೈ. ಕೊನೆಯಲ್ಲಿ ಹುಡುಗಿ ಫೋನು ಹಿಡಿದು ಕುಳಿತಿದ್ದಾಳೆ. ಆ ಕಡೆ ಹೊರಸು ಖಾಲಿ. ಈ ಸಲ ಕೈ ಬರಲಿಲ್ಲ.

ಆ ಕೈಗೆ ತೋರುಬೆರಳಿನ ತುದಿ ಇರಲಿಲ್ಲ. ಮಶೀನಿಗೆ ಸಿಕ್ಕು ತುಂಡಾದ ನನ್ನದೇ ಬೆರಳು! ಸುತ್ತ ಎಲ್ಲರೂ ಚಪ್ಪಾಳೆ ತಟ್ಟಿದರು. ನಾನು ಕೈಯನ್ನು ಜೇಬಿನಲ್ಲಿ ಇಟ್ಟುಕೊಂಡೆ.

ಹೊರಗೆ ಬಂದ ಮೇಲೆ ಕೇಳಿದೆ: "ನನ್ನ ಮ್ಯಾಲ ಸಿಟ್ಟ ಅದೇನು, ಬೇಟಾ?"

ಪೂರ್ವಿ ತಡವರಿಸುತ್ತ ಕನ್ನಡದಲ್ಲೇ ಹೇಳಿದಳು: "ಇಲ್ಲ ಪಪ್ಪಾ. ಖರೇ ಅಂದ್ರ... ಮುತ್ಯಾಗ ಮರಾಠಿ ಬರ್ತಿತ್ತು."

ಅಯ್ಯೋ, ಅದು ನನಗೆ ಗೊತ್ತಿಲ್ಲದ್ದೇ? ಗಡಿಯ ಆಚೆ ಉದಗೀರದ ಸಂತೆಯಲ್ಲಿ ಆಯುಷ್ಯವೆಲ್ಲ ಮರಾಠಿಯಲ್ಲೇ ವ್ಯಾಪಾರ ಮಾಡಿದ ಮನುಷ್ಯ ಅವರು. ಮೊಮ್ಮಗಳು ಯಾವ ಭಾಷೆಯಲ್ಲಿ ಕೇಳಿದ್ದರೂ "ಉಂಡೆನವ್ವಾ" ಎನ್ನುತ್ತಿದ್ದರು. ನನ್ನ ಮರ್ಯಾದೆಗೆ ಅಂಜಿ ಅವರಿಬ್ಬರ ಬಾಯಿ ಕಟ್ಟಿದೆ. ಕೆಟ್ಟ ಮೇಲೆ ಬುದ್ಧಿ ಬಂತು, ಅಟ್ಟ ಮೇಲೆ ಒಲೆ ಉರಿಯಿತು.

ಈಗ ಭಾನುವಾರ ಪೂರ್ವಿಯ ಕಾಲ್ ಬಂದರೆ ಫೋನನ್ನು ತಂಬಿಗೆಗೆ ಒರಗಿಸಿಟ್ಟು ಎದುರು ಕೂರುತ್ತೇನೆ. ಅವಳು ಮಾತು ಮುಗಿಸುವವರೆಗೆ ಅದಕ್ಕೆ ಕೈ ಹಚ್ಚುವುದಿಲ್ಲ.