ಪರ್ಷಿಯದ ಜಾಡಿ, ಮೈಸೂರಿನ ಎಣ್ಣೆ

ತಪ್ಪು ನನ್ನದೇ ಎಂದು ಮೊದಲಿಗೇ ಹೇಳಿಬಿಡುತ್ತೇನೆ. ಸುತ್ತಿ ಬಳಸಿ ಹೇಳುವಷ್ಟು ಶಕ್ತಿ ಈಗ ಉಳಿದಿಲ್ಲ. ನನಗೆ ನಲವತ್ತೆರಡು. ಜಪಾನಿಗೆ ಬಂದು ಹನ್ನೊಂದು ವರ್ಷ. ಇದು ನಾಲ್ಕನೇ ಗುತ್ತಿಗೆ ಕೆಲಸ, ಮೂರನೇ ಊರು. ಗಂಡ, ಮಗಳು ಯೋಕೋಹಾಮಾದಲ್ಲಿ. ನಾನು ಹಿರೋಷಿಮಾದ ಒಂದು ಲ್ಯಾಬಿನಲ್ಲಿ. ತಿಂಗಳಿಗೊಮ್ಮೆ ರೈಲು ಹತ್ತಿ ಹೋಗಿ, ಕನ್ನಡದಲ್ಲಿ ಕೇಳಿ, ಮಗಳ ಜಪಾನಿ ಉತ್ತರ ಕೇಳಿಸಿಕೊಂಡು ವಾಪಸ್ ಬರುತ್ತೇನೆ. ಓದಿದ್ದು ರಸಾಯನಶಾಸ್ತ್ರ. ಹಳೆಯ ಮಡಕೆ ಚೂರುಗಳಲ್ಲಿ ಇಂಗಿದ ಜಿಡ್ಡು ನೋಡಿ, ಒಂದು ಕಾಲಕ್ಕೆ ಒಳಗೆ ಏನಿತ್ತು ಎಂದು ಹೇಳುವುದು ಕೆಲಸ. “ಅಂದ್ರೆ ಮುಸುರೆ ನೋಡೋದು ಅನ್ನು” ಎಂದಿದ್ದರು ನಮ್ಮತ್ತೆ. ಅವರು ಹೇಳಿದ್ದರಲ್ಲಿ ಸುಳ್ಳೇನೂ ಇಲ್ಲ.

ಲ್ಯಾಬಿನ ಮುಖ್ಯಸ್ಥರನ್ನು ನಾವೆಲ್ಲ ಸೆನ್ಸೇ ಎನ್ನುತ್ತೇವೆ; ಇಲ್ಲಿ ಗುರುಗಳನ್ನು ಕರೆಯುವುದೇ ಹಾಗೆ. ಮೂವತ್ತು ವರ್ಷದಿಂದ ಅವರದು ಒಂದೇ ಪ್ರಶ್ನೆ. ಜಪಾನಿನ ದಕ್ಷಿಣದ ಕ್ಯೂಷೂ ಕಡೆ ನೆಲ ಅಗೆದಾಗ ನೀಲಿ ಹಸಿರು ಮೆರುಗಿನ ಜಾಡಿಗಳ ಚೂರು ಸಿಕ್ಕಿವೆ. ಜಪಾನಿನವಲ್ಲ, ಚೀನಾದವೂ ಅಲ್ಲ. ಸಾವಿರಕ್ಕೂ ಹೆಚ್ಚು ವರ್ಷಗಳ ಹಿಂದೆ ಪರ್ಷಿಯದಿಂದ ಹೊರಟವು. ಸೀರಾಫ್‌ನಂಥ ಬಂದರುಗಳಿಂದ ಅಲ್ಲಿನ ವ್ಯಾಪಾರಿಗಳು ಸಮುದ್ರಕ್ಕಿಳಿಯುತ್ತಿದ್ದರು. ಅವರ ಹಡಗಿಗೆ ಮೊಳೆಯಿಲ್ಲ. ಹಲಗೆಗೆ ಹಲಗೆ ಸೇರಿಸಿ ತೆಂಗಿನ ನಾರಿನ ಹಗ್ಗದಲ್ಲಿ ಹೊಲಿದದ್ದು. ಆ ಬರಡು ದಂಡೆಯಲ್ಲಿ ತೆಂಗು ಎಲ್ಲಿಂದ ಬರಬೇಕು? ನಾರು ನಮ್ಮ ಪಶ್ಚಿಮ ತೀರದಂಥ ಕಡೆಯಿಂದಲೇ ಹೋಗಬೇಕು. ಹೊರ್ಮುಜ್‌ನಿಂದ ಭಟ್ಕಳಕ್ಕೆ ಕುದುರೆ ಬಂದಿಳಿಯುತ್ತಿದ್ದದ್ದನ್ನು ನಾವು ಶಾಲೆಯಲ್ಲಿ ಓದಿದ್ದೇವೆ. ಇದು ಅದಕ್ಕಿಂತ ಎಷ್ಟೋ ಶತಮಾನ ಮೊದಲಿನ ಮಾತು. ಗಾಳಿ ತಿರುಗುವುದನ್ನು ಕಾದು, ಮಲಬಾರು, ಸಿಂಹಳ ದಾಟಿ, ಚೀನಾದವರೆಗೆ ಹೋಗುತ್ತಿದ್ದರು. ಅಲ್ಲಿಂದ ಸರಕು ಬೇರೆಯವರ ಹಡಗು ಹತ್ತಿ ಜಪಾನಿಗೆ ಬಂದಿರಬೇಕು. ಇಷ್ಟು ದೂರ ಬಂದ ಜಾಡಿಯೊಳಗೆ ಏನಿತ್ತು? ಖರ್ಜೂರದ ಪಾಕ ಎನ್ನುವವರುಂಟು, ಸುಗಂಧದ ಎಣ್ಣೆ ಎನ್ನುವವರುಂಟು. ಸೆನ್ಸೇಗೆ ಅದೊಂದು ಗೊತ್ತಾಗಬೇಕಿತ್ತು. ಮಾರ್ಚ್ ಕೊನೆಗೆ ಅವರ ನಿವೃತ್ತಿ. ನನ್ನ ಗುತ್ತಿಗೆ ಮುಗಿಯುವುದೂ ಆಗಲೇ.

ನವೆಂಬರಿನ ಒಂದು ಸೋಮವಾರ ಯಂತ್ರ ಉತ್ತರ ಕೊಟ್ಟಿತು: ತೆಂಗಿನೆಣ್ಣೆ. ಮುಂದಿನ ಎರಡು ಸೋಮವಾರ ಇನ್ನೆರಡು ಚೂರು ನೋಡಿದೆ. ಅಲ್ಲೂ ಅದೇ. ಸೆನ್ಸೇ ಕನ್ನಡಕ ತೆಗೆದು, ಒರೆಸಿ, ಮತ್ತೆ ಹಾಕಿಕೊಂಡು ಕಾಗದ ನೋಡಿದರು. ಅಂದರೆ ಜಾಡಿ ದಾರಿಯಲ್ಲಿ ನಮ್ಮ ತೀರದಲ್ಲಿ ಇಳಿದಿತ್ತು. ಅಲ್ಲಿ ಯಾರೋ ಅದಕ್ಕೆ ಎಣ್ಣೆ ತುಂಬಿ ಮತ್ತೆ ಹಡಗಿಗೇರಿಸಿದ್ದರು! ನನಗಾದ ಸಂತೋಷವನ್ನು ಮುಚ್ಚಿಡುವುದಿಲ್ಲ. ಹನ್ನೊಂದು ವರ್ಷದಿಂದ ಇಲ್ಲಿ ಎಲ್ಲರಿಗೂ ಸುಮಿಮಾಸೆನ್, ಕ್ಷಮಿಸಿ ಎನ್ನುತ್ತ, ದಾರಿಗಡ್ಡ ನಿಂತವಳ ಹಾಗೆ ಬದುಕಿದ್ದೆ. ನಮ್ಮ ಕಡೆಯ ಎಣ್ಣೆ ನನಗಿಂತ ಎಷ್ಟೋ ಮೊದಲು ಬಂದು ಇಲ್ಲಿ ಬೆಲೆ ಪಡೆದಿತ್ತು ಎಂದುಕೊಂಡಾಗ, ಅಳು ಬಂತು. ಪೇಪರ್ ಬರೆದೆವು. ಸಂಶೋಧನಾ ಪತ್ರಿಕೆಯವರು ಒಪ್ಪಿದರು. ಅದನ್ನು ತೋರಿಸಿ ಸೆನ್ಸೇ ನನಗೆ ಇನ್ನು ಮೂರು ವರ್ಷದ ಕೆಲಸಕ್ಕೆ ಮಾತಾಡಿದರು. ಸಹಿಯೊಂದು ಬಾಕಿ.

ಫೆಬ್ರವರಿಯಲ್ಲಿ ವಿದ್ಯಾರ್ಥಿನಿಯೊಬ್ಬಳು ಒಂದು ವಿಡಿಯೋ ತಂದಳು. ಹೊಸಬರಿಗೆ ಪಾಠವಾಗಲಿ ಎಂದು ನಾನು ಚೂರಿನಿಂದ ಪುಡಿ ಕೆರೆಯುವುದನ್ನು ನವೆಂಬರಿನಲ್ಲೇ ಚಿತ್ರೀಕರಿಸಿದ್ದಳಂತೆ. “ನಿಮ್ಮ ಕೈ ಎಷ್ಟು ನಿಧಾನ, ಎಷ್ಟು ಚೆಂದ” ಎಂದು ಹೊಗಳಿ ಹೋದಳು. ನಾನು ನೋಡುತ್ತ ಕೂತೆ. ಟೋಪಿಯಿಂದ ಹೊರಬಂದ ಕೂದಲನ್ನು ನನ್ನ ಕೈ ಗ್ಲೌಸ್ ಸಮೇತ ಒಳಗೆ ತಳ್ಳಿತು. ಅದೇ ಬೆರಳು ಪುಡಿ ಇದ್ದ ಹಾಳೆಯನ್ನು ಮಡಚಿತು. ಆರು ನಿಮಿಷದಲ್ಲಿ ನಾಲ್ಕು ಸಲ.

ಭಾನುವಾರ ತಲೆಗೆ ಎಣ್ಣೆ ಹಚ್ಚುತ್ತೇನೆ. ಮೈಸೂರಿನಿಂದ ತರಿಸಿದ ತೆಂಗಿನೆಣ್ಣೆ. ಚಳಿಗೆ ಗಟ್ಟಿಯಾಗುತ್ತದೆ, ಬಿಸಿನೀರಲ್ಲಿ ಬಾಟಲಿ ಇಟ್ಟು ಕರಗಿಸಬೇಕು. ಚಳಿಗಾಲದಲ್ಲಿ ತಲೆ ತೊಳೆಯಲು ಸೋಮಾರಿತನ. ಸೋಮವಾರ ಹಾಗೇ ಜಡೆ ಹೆಣೆದು ಲ್ಯಾಬಿಗೆ ಬರುತ್ತೇನೆ, ಗುರುವಾರ ತಲೆಸ್ನಾನ. ಚೂರಿಲ್ಲದೆ ಬರೀ ಸೀಸೆಯನ್ನು ಪರೀಕ್ಷಿಸಿ, ಹೊರಗಿನದೇನೂ ಸೇರಿಲ್ಲ ಎಂದು ಖಾತ್ರಿ ಮಾಡಿಕೊಳ್ಳುವ ಕ್ರಮವೊಂದಿದೆ. ಅದನ್ನು ನಾನು ಮಾಡುತ್ತಿದ್ದದ್ದು ಶುಕ್ರವಾರ. ಕಣ್ಣಿಗೆ ಎಣ್ಣೆ ಬಿಟ್ಟುಕೊಂಡು ಕೆಲಸ ಮಾಡುವವಳು ಎಂದು ನನಗೊಂದು ಹೆಸರಿತ್ತು. ಎಣ್ಣೆ ಇದ್ದದ್ದು ತಲೆಯಲ್ಲಿ.

ಆದರೂ ಆಸೆ ಬಿಡಲಿಲ್ಲ. ನೂರು ಯೆನ್ ಅಂಗಡಿಯಿಂದ ಒಂದು ಹೂಕುಂಡ ತಂದು ಒಡೆದೆ. ಸೋಮವಾರ, ಯಾವತ್ತಿನ ಹಾಗೇ ಕೆರೆದೆ. ಯಂತ್ರ ಹೇಳಿತು: ತೆಂಗಿನೆಣ್ಣೆ. ಶುಕ್ರವಾರ ಅದೇ ಕುಂಡವನ್ನು ಇನ್ನೊಮ್ಮೆ ಕೆರೆದೆ. ಏನೂ ಇಲ್ಲ. ಮಾಡಿದ್ದುಣ್ಣೋ ಮಹಾರಾಯ ಅಂತಾರಲ್ಲ, ಹಾಗೆ. ಬೇಕಾದ ಉತ್ತರ ಬಂದಾಗ ಅದನ್ನು ಯಾರೂ ಎರಡನೇ ಸಲ ಕೆದಕುವುದಿಲ್ಲ, ನಾನೂ ಕೆದಕಿರಲಿಲ್ಲ.

ಸಂಜೆ ಟ್ರಾಮ್ ನಿಲ್ದಾಣದಲ್ಲಿ ಕೂತು ಗಂಡನಿಗೆ ಫೋನ್ ಮಾಡಿದೆ. ಅವನು ಐಟಿಯವನು, ದಿನಾ ಎರಡು ಗಂಟೆ ಟೋಕಿಯೋ ರೈಲಿನಲ್ಲಿ ನಿಂತು ಸುಸ್ತಾಗುವವನು. ಪೂರ್ತಿ ಕೇಳಿ ಹೇಳಿದ:

“ನೋಡು, ಯಾರ್ ಬಂದು ಚೆಕ್ ಮಾಡ್ತಾರೆ? ಮಾರ್ಚ್ ಮುಗೀಲಿ, ಕಾಂಟ್ರಾಕ್ಟ್ ಸೈನ್ ಆಗ್ಲಿ. ಆಮೇಲೆ ಬೇಕಾದ್ರೆ ಕರೆಕ್ಷನ್ ಕಳ್ಸು.”

“ಸೆನ್ಸೇಗೆ ಏನಂತ ಹೇಳ್ಲಿ?”

“ಏನೂ ಹೇಳ್ಬೇಡ. ಪಾಪ, ರಿಟೈರ್ ಆಗೋ ಮನುಷ್ಯ. ಖುಷಿಯಾಗಿ ಹೋಗ್ಲಿ ಬಿಡು.”

ಅವನ ಮಾತು ತಪ್ಪು ಎನಿಸಲಿಲ್ಲ. ಅದಕ್ಕೇ ನನಗೆ ಹೆದರಿಕೆಯಾದದ್ದು. ಎರಡು ಟ್ರಾಮ್ ಬಿಟ್ಟು ಮೂರನೆಯದು ಹತ್ತಿದೆ.

ಸೋಮವಾರ ಬೆಳಿಗ್ಗೆ ಸೆನ್ಸೇ ಮೇಜಿನ ಮೇಲೆ ಎರಡು ಕಾಗದ ಇಟ್ಟೆ, ಒಂದು ಜಾಡಿಯದು, ಒಂದು ಹೂಕುಂಡದ್ದು. ಎಲ್ಲವನ್ನೂ ಹೇಳಿದೆ, ನನ್ನ ಜಡೆಯ ವಿಷಯವನ್ನೂ ಹೇಳಬೇಕಾಯಿತಲ್ಲ, ಮುಖವೆಲ್ಲ ಬಿಸಿಯಾಯಿತು. ಅವರು ಕಾಗದದ ಮೇಲೆ ಯಂತ್ರ ಎಳೆದಿದ್ದ ಎರಡೂ ಗೆರೆಗಳನ್ನು ಬೆರಳಿಂದ ಹಿಂಬಾಲಿಸಿ ನೋಡಿದರು.

“ಇದು ಎಷ್ಟು ಜನಕ್ಕೆ ಗೊತ್ತು?” ಎಂದರು.

“ನಮ್ಮಿಬ್ಬರಿಗೆ ಮಾತ್ರ” ಎಂದೆ. ಗಂಡನನ್ನು ಲೆಕ್ಕಕ್ಕೆ ಹಿಡಿಯಲಿಲ್ಲ.

ಅವರು ಕಿಟಕಿಯ ಕಡೆ ತಿರುಗಿ, “ನಾಳೆ ಮಾತಾಡೋಣ” ಎಂದರು.

ಮರುದಿನ ನನ್ನ ಮೇಜಿನ ಮೇಲೆ ಪತ್ರದ ಪ್ರತಿ ಇತ್ತು. ಪೇಪರನ್ನು ಹಿಂದಕ್ಕೆ ಪಡೆಯುತ್ತೇವೆ, ತಪ್ಪು ಲ್ಯಾಬಿನ ಮುಖ್ಯಸ್ಥನಾದ ನನ್ನದು ಎಂದು ಸೆನ್ಸೇ ಪತ್ರಿಕೆಗೆ ಬರೆದು ಕಳಿಸಿಬಿಟ್ಟಿದ್ದರು. ನನ್ನ ಹೆಸರು ಎಲ್ಲೂ ಇರಲಿಲ್ಲ. ಪೇಪರಿನ ಜೊತೆ ನನ್ನ ಮೂರು ವರ್ಷವೂ ಹೋಯಿತು. ಅಷ್ಟರಲ್ಲಿ ಅವರೇ ಒಳಗೆ ಬಂದು, ಬಾಗಿಲು ಮುಚ್ಚಿ, ನನ್ನ ಹೆಸರಿಗೆ ಮರ್ಯಾದೆಯ ಸಾನ್ ಸೇರಿಸಿ ಕರೆದು, ಸೊಂಟದವರೆಗೆ ಬಾಗಿದರು. ಅರವತ್ತೈದರ ಮನುಷ್ಯ.

“ನಿನ್ನೆ ಎಷ್ಟು ಜನಕ್ಕೆ ಗೊತ್ತು ಎಂದು ಕೇಳಿದೆ. ಒಳ್ಳೆಯ ಮನಸ್ಸಿನಿಂದ ಕೇಳಿದ್ದಲ್ಲ. ದಯವಿಟ್ಟು ಕ್ಷಮಿಸಿ.”

ನಾನೂ ಬಾಗಿದೆ. ನಾನು ಉತ್ತರ ಕೊಟ್ಟದ್ದೂ ಒಳ್ಳೆಯ ಮನಸ್ಸಿನಿಂದಲ್ಲ ಎಂದು ಮಾತ್ರ ಹೇಳಲಿಲ್ಲ. ಸುಮ್ಮನಿರು ಎಂದು ಅವರು ಒಂದು ಮಾತು ಅಂದಿದ್ದರೆ, ಸುಮ್ಮನಿರುತ್ತಿದ್ದೆ. ಅನ್ನಲಿ ಎಂದೇ ಕಾದಿದ್ದೆ.

ಮಾರ್ಚ್ ಕೊನೆಯ ಬೀಳ್ಕೊಡುಗೆಯಲ್ಲಿ ಸೆನ್ಸೇ ನನ್ನನ್ನು ಮುಂದೆ ಕರೆದರು. ಮೂವತ್ತು ವರ್ಷದಲ್ಲಿ ಇಷ್ಟು ಪ್ರಾಮಾಣಿಕರನ್ನು ನೋಡಿಲ್ಲ ಎಂದು ಎಲ್ಲರಿಗೂ ಹೇಳಿದರು. ಜನ ಚಪ್ಪಾಳೆ ತಟ್ಟಿದರು. ನಾನು ಅರಿಗಾತೋ, ಧನ್ಯವಾದ ಎಂದು ತಲೆ ಬಗ್ಗಿಸಿ, ಚಪ್ಪಾಳೆ ನಿಲ್ಲುವವರೆಗೂ ಎತ್ತಲಿಲ್ಲ.