ಪಟ್ಟಿಯಕ್ಕನ ಹಿಮ್ಮಡಿ

ಬೆಳಗಿನ ಆರೂವರೆ. ಆಸ್ಪತ್ರೆಯ ಹಿಂಬದಿಯ ಕಾರಿಡಾರಿನಲ್ಲಿ ಇನ್ನೂ ಟ್ಯೂಬ್‌ಲೈಟ್ ಉರಿಯುತ್ತಿದೆ. ಕೊನೆಯ ಕೋಣೆಯಲ್ಲಿ ಒಬ್ಬ ಹೆಂಗಸು ತೋಳು ಮಡಚಿ, ಬಕೆಟ್ಟಿನ ನೀರಿಗೆ ಮೊಣಕೈ ಅದ್ದಿ ನೋಡುತ್ತಾರೆ. ಬಿಸಿ ಹೆಚ್ಚಾಯಿತೆನ್ನಿಸಿ ಒಂದು ಮಗ್ಗು ತಣ್ಣೀರು ಬೆರೆಸುತ್ತಾರೆ. "ನೀರು ಬಿಸಿ ಇದ್ರೆ ಪ್ಲಾಸ್ಟರ್ ಬೇಗ ಗಟ್ಟಿಯಾಗುತ್ತೆ, ಒಳಗೆ ಚರ್ಮ ಸುಡುತ್ತೆ. ತೀರಾ ತಣ್ಣಗಿದ್ರೆ ಅದು ಗಟ್ಟಿಯಾಗೋದ್ರೊಳಗೆ ಪೇಷೆಂಟು ಒಂದು ನಿದ್ದೆ ತೆಗೆದಿರ್ತಾರೆ," ಎಂದು ನಗುತ್ತಾರೆ.

ತಮಗಿಂತ ಹಿರಿಯರಾದ ಡಾಕ್ಟರುಗಳಿಗೂ ಇವರು ಪಟ್ಟಿಯಕ್ಕ. ಇಪ್ಪತ್ತಾರು ವರ್ಷದಿಂದ ಇದೇ ಕೋಣೆ, ಇದೇ ಬಿಳಿ ಧೂಳು. ದಿನಕ್ಕೆ ಹದಿನಾಲ್ಕು ಪ್ಲಾಸ್ಟರ್ ಹಾಕುತ್ತಾರೆ, ಎಂಟೋ ಒಂಬತ್ತೋ ಬಿಚ್ಚುತ್ತಾರೆ. ಮೂಳೆ ಕೂಡಿಸಿದ ಹೆಸರು ಡಾಕ್ಟರಿಗೆ ಹೋಗುತ್ತದೆ; ಒಳಗೆ ಕೆರೆತ ಬಂದರೆ ಬೈಗುಳ ಮಾತ್ರ ಪಟ್ಟಿಯಕ್ಕನ ಪಾಲಿಗೆ.

ಇವತ್ತು ಮಾತ್ರ ಅವರ ಕಣ್ಣು ಆಗಾಗ ಗೋಡೆ ಗಡಿಯಾರದ ಕಡೆ ಹೋಗುತ್ತಿದೆ. ಹನ್ನೊಂದು ಗಂಟೆಗೆ ಮೂಳೆ ಡಾಕ್ಟರು ಅವರದೇ ಎಡಗಾಲನ್ನು ಪರೀಕ್ಷೆ ಮಾಡಲಿದ್ದಾರೆ. ಮುರಿದು ಕೂಡಿದ ಆ ಕಾಲು ಪಾಸಾದರೆ, ಎರಡು ತಿಂಗಳಿಂದ ಪ್ರಯೋಗಕ್ಕೆಂದು ಮತ್ತೆ ಬಿಟ್ಟುಕೊಟ್ಟಿರುವ ಈ ಕೋಣೆ ಅವರಿಗೇ ಉಳಿಯುತ್ತದೆ. ಇಲ್ಲವಾದರೆ ಸೋಮವಾರದಿಂದ ಮುಂಬಾಗಿಲ ಚೀಟಿ ಕೌಂಟರು. "ಕೂತು ಮಾಡೋ ಕೆಲಸ, ಆರಾಮು ಅಂತಾರೆ ಎಲ್ರೂ. ನನ್ನ ಕೈ ಚೀಟಿ ಹರಿಯೋಕೆ ಅಂತ ಇರೋದಲ್ಲ," ಎನ್ನುತ್ತಾರೆ. ಹೇಳುವಾಗ ಧ್ವನಿ ಸಣ್ಣದಾಗುತ್ತದೆ.

ಮೊದಲ ಗಿರಾಕಿ ಬ್ರೆಡ್ಡಿನ ವ್ಯಾನಿನ ಡ್ರೈವರು. ನಿನ್ನೆ ಸಂಜೆ ಮೆಟ್ಟಿಲು ತಪ್ಪಿದ್ದಾರೆ. ಬರೀ ಉಳುಕು, ಒಂದು ಪಟ್ಟಿ ಸುತ್ತಿ ಕಳಿಸಿ ಎಂಬುದು ಅವರ ವಾದ. ಪಟ್ಟಿಯಕ್ಕ ಊದಿದ ಮಾಂಸವನ್ನು ಒತ್ತಿದರೆ ಆಸಾಮಿ ಸುಮ್ಮನಿದ್ದಾರೆ. ಕಣಕಾಲಿನ ಹೊರಗಿನ ಗಂಟುಮೂಳೆಯ ಮೇಲೆ ಹೆಬ್ಬೆರಳಿಟ್ಟಿದ್ದೇ ತಡ, ಸ್ಟೂಲು ಬಿಟ್ಟು ಮೇಲೇಳುತ್ತಾರೆ.

"ನಾಲ್ಕು ಹೆಜ್ಜೆ ನಡೀರಿ ನೋಡೋಣ."

"ಎರಡು ಸಾಕಾಗಲ್ವಾ ಅಕ್ಕಾ?"

ಎಕ್ಸ್‌ರೇಯಲ್ಲಿ ಕೂದಲೆಳೆಯಂಥ ಬಿರುಕು ಕಾಣುತ್ತದೆ. ಡಾಕ್ಟರು ಆರು ವಾರ ಎಂದು ಬರೆಯುತ್ತಾರೆ. ಪಟ್ಟಿಯಕ್ಕ ಡ್ರೈವರ ಅಂಗಾಲನ್ನು ತಮ್ಮ ಹೊಟ್ಟೆಗೆ ಆನಿಸಿಕೊಂಡು, ಪಾದ ಲಂಬವಾಗಿ ನಿಲ್ಲುವಂತೆ ಒತ್ತಿ ಹಿಡಿದು, ಹತ್ತಿಯ ಮೇಲೆ ಒದ್ದೆ ಪಟ್ಟಿ ಸುತ್ತುತ್ತಾ ಹೋಗುತ್ತಾರೆ. ಮುಗಿದ ಮೇಲೆ ಹೆಬ್ಬೆರಳಿನ ಉಗುರು ಒತ್ತಿ ಬಿಡುತ್ತಾರೆ. ಬಿಳಿಚಿದ ಉಗುರಿಗೆ ತಕ್ಷಣ ಕೆಂಪು ಮರಳುತ್ತದೆ. "ಪಾದ ಕೆಳಗೆ ಜೋತುಬಿದ್ದ ಹಾಗೆ ಪ್ಲಾಸ್ಟರ್ ಗಟ್ಟಿಯಾದ್ರೆ ಮೂಳೆ ಕೂಡುತ್ತೆ, ಹಿಮ್ಮಡಿ ನೆಲ ಮುಟ್ಟಲ್ಲ," ಎಂದು ಡ್ರೈವರಿಗೆ ವಿವರಿಸುತ್ತಾರೆ. ಈ ಪಾಠ ಪಟ್ಟಿಯಕ್ಕನ ಸ್ವಂತ ಮೈಮೇಲೇ ಆಗಿದೆ.

ಎಂಟು ತಿಂಗಳ ಹಿಂದೆ ಬಚ್ಚಲಲ್ಲಿ ಜಾರಿ ಎಡ ಕಣಕಾಲು ಮುರಿದುಕೊಂಡ ಪಟ್ಟಿಯಕ್ಕನನ್ನು ಗಂಡನೇ ಆಸ್ಪತ್ರೆಗೆ ಕರೆತಂದಿದ್ದರು. ಅವರು ದರ್ಜಿ, ಮಿತಭಾಷಿ. ಮೂಳೆ ಜರುಗಿಲ್ಲ, ಪ್ಲಾಸ್ಟರ್ ಸಾಕು ಎಂದ ಡ್ಯೂಟಿ ಡಾಕ್ಟರು ಅಪಘಾತದ ಕೇಸಿಗೆ ಓಡಿದರು. ಪ್ಲಾಸ್ಟರ್ ಹಾಕುವವರು ಬೇರೆ ಯಾರಿದ್ದಾರೆ? ಪಟ್ಟಿಯಕ್ಕ ತಮ್ಮ ಕಾಲಿಗೆ ತಾವೇ ಸುತ್ತತೊಡಗಿದರು, ಗಂಡ ಪಾದ ಹಿಡಿದರು. ಇವರು ನೋವಿಗೆ ಮುಖ ಕಿವುಚಿದಾಗಲೆಲ್ಲ ಅವರ ಕೈ ಸಡಿಲವಾಯಿತು, ಪಾದ ಚೂರುಚೂರೇ ಕೆಳಗೆ ಬಾಗಿತು. ಕೋಣೆಗೆ ಬರುವ ನರ್ಸುಗಳಲ್ಲಿ ಯಾರಾದರೂ ಹಾಗೆ ಹಿಡಿದಿದ್ದರೆ ಪಟ್ಟಿಯಕ್ಕ ಜನ್ಮ ಜಾಲಾಡುತ್ತಿದ್ದರು. ಅವತ್ತು ಕಣ್ಣಾರೆ ಕಂಡೂ ತುಟಿ ಪಿಟಕ್ಕೆನ್ನಲಿಲ್ಲ.

"ಅವರ ಕಣ್ಣು ತುಂಬಿತ್ತು. ಸರಿಯಾಗಿ ಹಿಡೀರಿ ಅಂತ ಗದರೋಕೆ ಬಾಯೇ ಬರ್ಲಿಲ್ಲ. ಆಮೇಲೆ ಡಾಕ್ಟ್ರು ಎಕ್ಸ್‌ರೇ ನೋಡಿ ಮೂಳೆ ಚೆನ್ನಾಗಿ ಕೂತಿದೆ ಅಂದ್ರು, ಬಿಚ್ಚೋದು ಬೇಡ ಅಂದ್ಕೊಂಡೆ. ಅವರ ಕೈಯಿಂದ ಹೀಗಾಯ್ತು ಅಂತ ಅವರಿಗೆ ಗೊತ್ತಿಲ್ಲ."

ಆರು ವಾರದ ನಂತರ ಪ್ಲಾಸ್ಟರ್ ಬಿಚ್ಚಿದಾಗ ಹಿಮ್ಮಡಿ ನೆಲದಿಂದ ಮೂರು ಬೆರಳು ಮೇಲಿತ್ತು. ಶುರುವಾಯಿತು ಮನೆಯ ವ್ಯಾಯಾಮ. ಟವೆಲಿನಿಂದ ಪಾದ ಎಳೆಯುವುದು, ಗೋಡೆಗೆ ಕೈಕೊಟ್ಟು ಮುಂದಕ್ಕೆ ಬಾಗುವುದು, ಬಿಸಿನೀರಲ್ಲಿ ಕಾಲಿಡುವುದು, ಅಳುವುದು, ಮತ್ತೆ ಎಳೆಯುವುದು. ಪ್ರತಿ ಭಾನುವಾರ ದರ್ಜಿ ನೆಲದ ಮೇಲೆ ಬೋರಲು ಮಲಗಿ, ಹೆಂಡತಿಯ ಹಿಮ್ಮಡಿಗೂ ನೆಲಕ್ಕೂ ನಡುವೆ ಟೇಪು ಹಿಡಿಯುತ್ತಿದ್ದರು. ಗಿರಾಕಿಗಳ ಸೊಂಟ, ತೋಳಿನ ಅಳತೆಗಳ ನಡುವೆ ಅವರ ನೋಟ್‌ಬುಕ್ಕಿನಲ್ಲಿ ಹಿಮ್ಮಡಿಯ ಅಳತೆಗಳೂ ಇವೆ: ಐದೂವರೆ ಸೆಂಟಿಮೀಟರು, ಐದು, ಐದು, ನಾಲ್ಕು. ಎರಡನೇ ಬಾರಿಯೂ ಐದೇ ಬಂದ ವಾರ ಮನೆಯಲ್ಲಿ ಇಬ್ಬರೂ ಸರಿಯಾಗಿ ಉಣ್ಣಲಿಲ್ಲವಂತೆ.

ಹತ್ತೂ ಮುಕ್ಕಾಲಿಗೆ ದರ್ಜಿ ಅಂಗಡಿ ಮುಚ್ಚಿ ಬಂದು ಕಾರಿಡಾರಿನ ಬೆಂಚಿನಲ್ಲಿ ಕೂರುತ್ತಾರೆ. ಪಟ್ಟಿಯಕ್ಕ ಕೈ ತೊಳೆಯಲು ಹೋದ ಹೊತ್ತು ನೋಡಿ ಮೆಲ್ಲಗೆ ಹೇಳುತ್ತಾರೆ. "ನನ್ನ ಕೈಯಿಂದಾನೇ ಆಗಿದ್ದು. ಪ್ಲಾಸ್ಟರ್ ಬಿಚ್ಚಿದ ದಿನಾನೇ ನನಗೆ ಅರ್ಥವಾಯ್ತು. ಅವಳು ಇವತ್ತಿನವರೆಗೂ ಒಂದು ಮಾತು ಆಡಿಲ್ಲ. ಅವಳಿಗೆ ಈ ಕೋಣೆ ತಪ್ಪಿದ್ರೆ ನಾನು ಹ್ಯಾಗೆ ಮುಖ ತೋರಿಸ್ಲಿ?"

ಹನ್ನೊಂದಕ್ಕೆ ಮೂಳೆ ಡಾಕ್ಟರು ಪಟ್ಟಿಯಕ್ಕನನ್ನು ಬರಿಗಾಲಲ್ಲಿ ನಿಲ್ಲಿಸಿ, ಎಡ ಹಿಮ್ಮಡಿಯ ಕೆಳಗೆ ಚೀಟಿ ತೂರಿಸಲು ನೋಡುತ್ತಾರೆ. ಚೀಟಿ ಹೋಗುವುದಿಲ್ಲ. ಕುಕ್ಕರಗಾಲಲ್ಲಿ ಕೂತು ಏಳಿಸುತ್ತಾರೆ. ಕೊನೆಗೆ ಎಡಗಾಲೊಂದರ ತುದಿಬೆರಳ ಮೇಲೆ ಹತ್ತು ಸಲ ಎದ್ದಿಳಿಯಬೇಕು. ಏಳರವರೆಗೆ ಸಲೀಸು. ಎಂಟಕ್ಕೆ ಕಾಲು ನಡುಗುತ್ತದೆ. ಬಾಗಿಲಾಚೆ ಬೆಂಚಿನಲ್ಲಿದ್ದ ದರ್ಜಿ ಕೂತಲ್ಲೇ ಎರಡೂ ಕೈ ಮುಂದೆ ಚಾಚಿದ್ದಾರೆ, ಅಷ್ಟು ದೂರದಿಂದ ಹಿಡಿಯುವವರ ಹಾಗೆ. ಒಂಬತ್ತು. ಹತ್ತು. ಡಾಕ್ಟರು ಕಡತದಲ್ಲಿ ಒಂದೇ ಸಾಲು ಬರೆದು, ಪ್ಲಾಸ್ಟರ್ ಕೋಣೆಗೆ ಹೋಗಮ್ಮ, ಮೂರು ಜನ ಕಾಯುತ್ತಿದ್ದಾರೆ ಎನ್ನುತ್ತಾರೆ.

ಹೊರಗೆ ಬಂದ ಪಟ್ಟಿಯಕ್ಕ ಗಂಡನ ಪಕ್ಕ ಒಂದು ನಿಮಿಷ ಕೂರುತ್ತಾರೆ. ಆತ ತಲೆ ತಗ್ಗಿಸಿ, ಅವತ್ತು ನಾನು ಸರಿಯಾಗಿ ಹಿಡೀಲಿಲ್ಲ ಎಂದು ಶುರು ಮಾಡುತ್ತಾರೆ. ಪಟ್ಟಿಯಕ್ಕ ಅವರ ಬೆರಳುಗಳನ್ನು ಎತ್ತಿ ತಮ್ಮ ತೊಡೆಯ ಮೇಲಿಟ್ಟುಕೊಳ್ಳುತ್ತಾರೆ.

"ಇನ್ನೊಂದು ಸಲ ಮುರಿದ್ರೂ ನೀವೇ ಹಿಡೀಬೇಕು. ಬೇರೆಯವರಿಗೆ ನಾನು ಕಾಲು ಕೊಡಲ್ಲ."