ಕೆಂಪು ತಂತಿಯ ಗಂಟು

ಹಾರ್ಪ್ ನಮ್ಮ ಇಳಕಲ್ಲಿನ ಮನೆಗೆ ಬಂದ ದಿನವೇ ನಾನು ಅವ್ವನಿಗೆ ಒಂದು ಸುಳ್ಳು ಹೇಳಿದೆ. ಪುಣೆಯಲ್ಲಿ ನನಗೆ ಈ ವಾದ್ಯ ಕಲಿಸಿದ ಗುರುಗಳು ಊರು ಬಿಡುವಾಗ ತಮ್ಮದನ್ನೇ ನನಗೆ ಕೊಟ್ಟಿದ್ದರು. ಎದೆಯೆತ್ತರದ ಕಟ್ಟಿಗೆಯ ಚೌಕಟ್ಟು, ಅದರ ತುಂಬ ತಂತಿ. ಪಡಸಾಲೆಯಲ್ಲಿ ಇಳಿಸಿದಾಗ, ಆಯುಷ್ಯವೆಲ್ಲ ಸೀರೆಯ ಒಡಲಿಗೆ ಸೆರಗಿನ ಎಳೆ ಜೋಡಿಸುತ್ತ ಬಂದ ಅವ್ವ ಮೊದಲು ಮುಟ್ಟಿ ನೋಡಿದ್ದೇ ತಂತಿಗಳನ್ನು.

"ಇವನ್ನ ಯಾತರಲೆ ಮಾಡ್ಯಾರ?"

"ರೇಷ್ಮಿ. ಗೋಂದು ಹಚ್ಚಿ ಬಿಗಿ ಮಾಡ್ಯಾರ," ಅಂದೆ.

ಅವು ಕುರಿಯ ಕರುಳಿನವು. ಅದೇ ಪಡಸಾಲೆಯ ಮೂಲೆಯಲ್ಲಿ ಅವ್ವ ದಿನಾ ಲಿಂಗಪೂಜೆಗೆ ಕೂಡುತ್ತಿದ್ದಳು. ಮೊಟ್ಟೆ ತಿನ್ನುವವರು ಮನೆಗೆ ಬಂದರೆ ಅವರು ಕುಡಿದ ಲೋಟವನ್ನು ಬೇರೆ ಇಡುವ ಹೆಂಗಸು. ನಿಜ ಹೇಳಿದ್ದರೆ ಹಾರ್ಪ್ ಹೊಸ್ತಿಲು ದಾಟುತ್ತಿರಲಿಲ್ಲ.

ಆ ಪಡಸಾಲೆಯಲ್ಲೇ ನನ್ನ ಮೊದಲ ದೊಡ್ಡ ಕೃತಿ ಕಟ್ಟಿದೆ. ಅದು ನಡುವಿನ ಷಡ್ಜದಿಂದ ಹೊರಟು ಎಲ್ಲಿ ಸುತ್ತಾಡಿದರೂ ಷಡ್ಜಕ್ಕೇ ಮರಳುತ್ತಿತ್ತು. ಹಾರ್ಪಿನಲ್ಲಿ ಆ ತಂತಿಗೆ ಗುರುತಿಗೆಂದು ಕೆಂಪು ಬಣ್ಣ ಹಾಕಿರುತ್ತಾರೆ. ವಿದ್ಯಾಗಿರಿಯ ಕಾಲೇಜೊಂದು ಕಾರ್ಯಕ್ರಮಕ್ಕೆ ಕರೆಯಿತು. ಅದಕ್ಕೂ ಮೊದಲು ಬಾದಾಮಿಯಲ್ಲಿ ಹತ್ತೇ ನಿಮಿಷಕ್ಕೆ ನನ್ನನ್ನು ನಿಲ್ಲಿಸಿ ಭಾಷಣ ಶುರುಮಾಡಿದ್ದರು. ಇಲ್ಲೂ ಕೆಟ್ಟರೆ ಈ ಕಡೆ ನನ್ನನ್ನು ಇನ್ಯಾರೂ ಕರೆಯುವುದಿಲ್ಲ ಎಂಬುದು ನನಗೆ ಗೊತ್ತಿತ್ತು. ಅವ್ವ ಹಟ ಹಿಡಿದು ಜೊತೆಗೆ ಬಂದಳು.

ಅಮೀನಗಡದಲ್ಲಿ ಕರದಂಟಿಗೆಂದು ಗಾಡಿ ನಿಲ್ಲಿಸಿದೆವು. ಅರ್ಧ ತಾಸು ಹಾರ್ಪ್ ಬಿಸಿಲಲ್ಲಿ ಬೆಂದಿತು. ತಪ್ಪು ನನ್ನದೇ, ಕರದಂಟಿನದಲ್ಲ. ವೇದಿಕೆಯ ಹಿಂದೆ ಶ್ರುತಿ ಮಾಡಲು ಬಿರಡೆ ತಿರುವಿದ್ದೇ ತಡ, ಕೆಂಪು ತಂತಿ ಬುಡದಲ್ಲಿ ಫಟ್ಟನೆ ಹರಿಯಿತು. ಬದಲಿಗೆಂದು ಇಟ್ಟುಕೊಂಡಿದ್ದ ತಂತಿಯನ್ನು ಹಿಂದಿನ ತಿಂಗಳೇ ಹಾಕಿಬಿಟ್ಟಿದ್ದೆ, ಹೊಸದು ಇನ್ನೂ ಬಂದಿರಲಿಲ್ಲ. ಕಾರ್ಯಕ್ರಮಕ್ಕೆ ಇಪ್ಪತ್ತು ನಿಮಿಷ ಉಳಿದಿತ್ತು.

ಹರಿದ ತಂತಿಯನ್ನು ಬುಡದಲ್ಲಿ ಮತ್ತೆ ಕಟ್ಟಿದರೆ ಮೇಲೆ ಬಿರಡೆಗೆ ನಾಲ್ಕು ಬೆರಳು ಸಾಲದು. ಮೇಲ್ತುದಿಗೆ ಹಳೆಯ ತಂತಿಯ ತುಂಡೊಂದನ್ನು ಬೆಸೆದರೆ ಗಂಟು ಬಿರಡೆಯ ಹತ್ತಿರವೇ ಉಳಿಯುತ್ತದೆ, ನಾದಕ್ಕೆ ಅಡ್ಡ ಬರುವುದಿಲ್ಲ. ಎರಡು ಸಲ ಗಂಟು ಹಾಕಿದೆ, ಎಳೆದರೆ ಎರಡು ಸಲವೂ ಜಾರಿತು. ಸಂಘಟಕರು ಬಾಗಿಲಲ್ಲಿ ಇಣುಕಿ, "ಮೇಡಂ, ಅತಿಥಿಗಳು ಬಂದಾರ್ರಿ," ಅಂದು ಹೋದರು.

"ಸರಿ ಅತ್ತಾಗ," ಅವ್ವ ಕೈ ಚಾಚಿದಳು. "ರೇಷ್ಮಿ ಗಂಟು ನಾ ಹಾಕದ ಮತ್ತ್ಯಾರು ಹಾಕ್ತಾರ? ತಾ ಇಲ್ಲೆ."

ಕೊಟ್ಟೆ. ಎಳೆ ಹೊಸೆಯುವವರ ಕೈ ಹೇಗೆ ನಡೆಯುತ್ತದೆ ಎಂಬುದು ನೇಕಾರರ ಮನೆಯಲ್ಲಿ ಹುಟ್ಟಿದ ನನಗೆ ಗೊತ್ತಿರಲಿಲ್ಲವೇ? ಮೊದಲು ತುದಿಯನ್ನು ಬಾಯಲ್ಲಿಟ್ಟು ಒದ್ದೆ ಮಾಡುತ್ತಾರೆ. ಅವ್ವ ತಂತಿಯನ್ನು ತುಟಿಯ ಹತ್ತಿರ ಒಯ್ದಳು. ನಾನು ಈಗ ನಿಜ ಹೇಳಿದರೆ ಆಕೆ ತಂತಿಯನ್ನು ಬೀಸಾಡುತ್ತಾಳೆ, ಕಾರ್ಯಕ್ರಮ ಮುಗಿದಂತೆಯೇ. ನಾನು ಗೋಡೆಯ ಗಡಿಯಾರ ನೋಡಿದೆ. ಅವ್ವ ಎರಡೂ ತುದಿಗಳನ್ನು ಬಾಯಲ್ಲಿಟ್ಟು ನೆನೆಸಿ, ಹಲ್ಲಲ್ಲಿ ಕಚ್ಚಿ ಬಿಗಿದು, ಉಳಿದ ಎಳೆಯನ್ನು ಕಡಿದು ಉಗುಳಿದಳು. ಕೊರಳಲ್ಲಿ ಲಿಂಗದ ಕರಡಿಗೆ ತೂಗುತ್ತಿತ್ತು.

ಗಂಟು ಜಾರಲಿಲ್ಲ. ಮುಕ್ಕಾಲು ತಾಸು ಬಾರಿಸಿದೆ, ಒಬ್ಬರೂ ಎದ್ದು ಹೋಗಲಿಲ್ಲ. ಜನ ಚಪ್ಪಾಳೆ ತಟ್ಟುವಾಗ ನಾನು ಅವ್ವ ಕೂತ ಕಡೆ ನೋಡಲಿಲ್ಲ.

ಆಮೇಲೆ ಹುನಗುಂದ, ಗುಡೂರು, ಮತ್ತೆ ಬಾದಾಮಿಯಿಂದಲೂ ಕರೆ ಬಂತು. ಅವ್ವ ಓಣಿಯವರಿಗೆಲ್ಲ, "ಆಕಿ ಬಾರ್ಸೋದು ನನ್ನ ಹಲ್ಲಿನ ಗಂಟಿನ ಮ್ಯಾಲ," ಎಂದು ಹೇಳಿಕೊಂಡು ನಗುತ್ತಿದ್ದಳು. ನಾನೂ ನಗುತ್ತಿದ್ದೆ. ಇಂಥ ನಗು ಯಾವ ವೈರಿಗೂ ಬೇಡ.

ಮೂರು ವರ್ಷ ತಡೆದುಕೊಂಡೆ. ಹೋದ ಬೇಸಿಗೆಯಲ್ಲಿ ಎಲ್ಲ ತಂತಿ ಕಿತ್ತು ನೈಲಾನ್ ಹಾಕಿದೆ. ಮರುದಿನ ಅಭ್ಯಾಸಕ್ಕೆ ಕೂತಾಗ ಅವ್ವ ಕಾಳು ಆರಿಸುವುದನ್ನು ನಿಲ್ಲಿಸಿ ಕೇಳಿದಳು.

"ದನಿ ಯಾಕ ಹಿಂಗಾತು? ನನ್ನ ಗಂಟಿನ ತಂತಿ ಎಲ್ಲಿ?"

ಸಂಗೀತ ಕಲಿತವರೂ ಗುರುತಿಸಲಾರದ್ದನ್ನು ಆಕೆ ಒಂದೇ ಸ್ವರಕ್ಕೆ ಹಿಡಿದಿದ್ದಳು. ಇನ್ನು ಸುಳ್ಳು ಹೊರಡಲಿಲ್ಲ.

"ತಗದೆ ಯವ್ವಾ. ಅದು ರೇಷ್ಮಿ ಅಲ್ಲ. ಕುರಿ ಕರಳು. ಅವತ್ತೂ ನನಗ ಗೊತ್ತಿತ್ತು."

ಅವ್ವ ಕಾಳಿನ ಮೊರವನ್ನು ಕೆಳಗಿಟ್ಟು ಬಚ್ಚಲಿಗೆ ಹೋದಳು. ಬಾಯಿ ಮುಕ್ಕಳಿಸುವ ಸಪ್ಪಳ ಕೇಳಿಸಿತು. ಒಂದು ಸಲವಲ್ಲ, ಐದಾರು ಸಲ. ಮೂರು ವರ್ಷದ ಹಿಂದಿನ ಗಂಟಿಗೆ ಈಗ ಬಾಯಿ ತೊಳೆಯುತ್ತಿದ್ದಳು. ನಾನು ಹಾರ್ಪಿಗೆ ಹಣೆ ಹಚ್ಚಿ ಕೂತೆ.

ಸೆರಗಿನಿಂದ ತುಟಿ ಒರೆಸಿಕೊಳ್ಳುತ್ತ ಬಂದು ಎದುರಿಗೆ ನಿಂತಳು.

"ಅವತ್ತ ಹೇಳಬೇಕಿತ್ತವಾ," ಅಂದಳು. "ಬಾಯಾಗ ಇಡತಿದ್ದಿಲ್ಲ. ಬರೇ ಬೆರಳಲೆ ಗಂಟು ಹಾಕಿ ಕೊಡತಿದ್ದೆ."